ಅಂಗಡಿ ಬಾಡಿಗೆದಾರನ ಮೇಲೆ ಯಾವ ಕೋರ್ಟಿಗೆ ಹೋಗಬೇಕು? ಮೊದಲು ಗೋಡೆ ಅಳೆಯಿರಿ

ಅಂಗಡಿ ಶಿವಮೊಗ್ಗದಲ್ಲಿ, ನೀವು ಬೆಂಗಳೂರಿನಲ್ಲಿ. ಬಾಡಿಗೆದಾರನನ್ನು ತೆರವು ಮಾಡಿಸಲು ಬಾಡಿಗೆ ಕಾಯ್ದೆಯ ಅರ್ಜಿಯನ್ನು ಎಲ್ಲಿ ಹಾಕಬೇಕು ಎಂದು ಕೇಳಿದ್ದೀರಿ. ಬೆಂಗಳೂರನ್ನು ಮರೆತುಬಿಡಿ, ಸ್ಥಿರಾಸ್ತಿ ಇರುವ ಊರಿನಲ್ಲೇ ವ್ಯಾಜ್ಯ. ಆದರೆ ನಿಮ್ಮ ಅಂಗಡಿಗೆ ಬಾಡಿಗೆ ಕಾಯ್ದೆ ಅನ್ವಯಿಸುತ್ತದೆ ಎಂದು ನಿಮಗೆ ಹೇಳಿದವರು ಯಾರು? ನನಗೂ ಹೀಗೆಯೇ ಹೇಳಿದ್ದರು, ನಾನೂ ನಂಬಿದ್ದೆ.

ಶಿವಮೊಗ್ಗದ ಗಾಂಧಿ ಬಜಾರಿನ ಆಸುಪಾಸಿನ ಓಣಿಯೊಂದರಲ್ಲಿ ಅಜ್ಜನ ಕಾಲದ ಮಳಿಗೆ. ಹಂಚಿನ ಮಾಡು, ಒಂದೂವರೆ ಅಡಿ ದಪ್ಪದ ಮಣ್ಣಿನ ಗೋಡೆ. ಬಾಡಿಗೆದಾರ ಹಗ್ಗ, ಕತ್ತಿ, ಅಡಿಕೆ ಕೊಯ್ಲಿನ ಸಾಮಾನು ಮಾರುತ್ತಿದ್ದ. ನನ್ನ ಮಗನಿಗೆ ಅಂಗಡಿ ಬೇಕಾಯಿತು, ಬಾಡಿಗೆದಾರ ಬಿಡಲಿಲ್ಲ.

ಕರ್ನಾಟಕ ಬಾಡಿಗೆ ಕಾಯ್ದೆ, 1999 ಜಾರಿಗೆ ಬಂದದ್ದು 2001ರ ಡಿಸೆಂಬರ್ 31ರಂದು. 1961ರ ಹಳೆಯ ಕಾಯ್ದೆಯ ನೆನಪಿನಲ್ಲೇ ಬದುಕುವವರು ಇನ್ನೂ ಎಲ್ಲಾ ಬಾಡಿಗೆ ಜಗಳವೂ ಅದರೊಳಗೇ ಬರುತ್ತದೆ ಎಂದುಕೊಂಡಿದ್ದಾರೆ. ಹೊಸ ಕಾಯ್ದೆ ವಾಣಿಜ್ಯ ಮಳಿಗೆಗಳಲ್ಲಿ 14 ಚದರ ಮೀಟರ್ ಮೀರದ ಪ್ಲಿಂತ್ ವಿಸ್ತೀರ್ಣದವನ್ನು ಮಾತ್ರ ಇಟ್ಟುಕೊಂಡು ಉಳಿದವನ್ನು ಹೊರಗೆ ಬಿಟ್ಟಿದೆ. ವಕೀಲರು ಇದನ್ನು ಹೇಳಿದ್ದರು. ನಾನು ಅಂಗಡಿಯೊಳಗೆ ನಿಂತು ಟೇಪು ಹಿಡಿದೆ. ಹತ್ತು ಅಡಿ ಅಗಲ, ಹದಿನಾಲ್ಕು ಅಡಿ ಉದ್ದ. ಚದರ ಮೀಟರ್ ಲೆಕ್ಕದಲ್ಲಿ 13. ಒಳಗೇ ಇದ್ದೇವೆ ಎಂದು ಹಿಗ್ಗಿ ಅರ್ಜಿ ಹಾಕಿಸಿದೆ. ವಕೀಲರು ಸಂಭಾವಿತರೇ, ಆದರೆ ಅಂಗಡಿಯನ್ನು ಕಣ್ಣಾರೆ ಕಂಡಿರಲಿಲ್ಲ.

ಪ್ಲಿಂತ್ ವಿಸ್ತೀರ್ಣ ಎಂದರೆ ಗೋಡೆಯೂ ಸೇರಿದ ಅಳತೆ. ಗ್ರಾಹಕ ನಿಲ್ಲುವ ಜಾಗವಷ್ಟೇ ಅಲ್ಲ, ಗೋಡೆ ನುಂಗಿದ ನೆಲವೂ ಲೆಕ್ಕಕ್ಕೆ. ಇಂದಿನ ಸಿಮೆಂಟ್ ಇಟ್ಟಿಗೆಯ ಗೋಡೆಯಾಗಿದ್ದರೆ ಹೆಚ್ಚಿನ ವ್ಯತ್ಯಾಸ ಬರುತ್ತಿರಲಿಲ್ಲವೇನೋ. ನಮ್ಮ ಅಜ್ಜಂದಿರು ಮಲೆನಾಡಿನ ಮಳೆಗೆ ಹೆದರಿ ಕಟ್ಟಿಸಿದ ಗೋಡೆ ಅದು. ಬಾಡಿಗೆದಾರನ ತಕರಾರಿನ ಮೇಲೆ, ಅಳತೆಗೆಂದು ಕೋರ್ಟ್ ನೇಮಿಸಿದ ಕಮಿಷನರ್ ಬಂದರು. ಜಿಟಿಜಿಟಿ ಮಳೆ. ಹಿಂದಿನ ಚರಂಡಿಯ ಅಂಚಿನಲ್ಲಿ ಪಾಚಿ ಕಟ್ಟಿದ ಗೋಡೆಗೆ ಅವರ ಸಹಾಯಕ ಟೇಪಿನ ತುದಿ ಒತ್ತಿ ಹಿಡಿದ, ಇನ್ನೊಂದು ತುದಿ ಮುಂದಿನ ಹಲಗೆ ಬಾಗಿಲಿಗೆ ಬಂತು. ಆಮೇಲೆ ಅಗಲವನ್ನೂ ಅಳೆದು ಹದಿಮೂರು ಅಡಿ ಎಂದು ಅವರು ಬರೆದುಕೊಂಡಾಗಲೇ ನನಗೆ ಅರ್ಥವಾಯಿತು. ಒಟ್ಟು 18 ಚದರ ಮೀಟರ್ ದಾಟಿತ್ತು.

ಇಷ್ಟು ದಿನ ವಿಚಾರಣೆ ನಡೆದಿದೆಯಲ್ಲ, ಬಾಡಿಗೆದಾರನೂ ಮೊದಲು ಸುಮ್ಮನಿದ್ದನಲ್ಲ ಎಂದು ವಾದಿಸಿ ನೋಡಿದೆವು. ನಡೆಯುವುದಿಲ್ಲ. ಕಾನೂನು ಕೋರ್ಟಿಗೆ ಕೊಡದ ಅಧಿಕಾರವನ್ನು ಕಕ್ಷಿದಾರರ ಒಪ್ಪಿಗೆ ತಂದುಕೊಡಲಾರದು. ಅರ್ಜಿ ವಜಾ ಆಯಿತು.

ಹೊಟ್ಟೆ ಉರಿದದ್ದು ಅದಕ್ಕಲ್ಲ. ಬಾಡಿಗೆ ಕಾಯ್ದೆಯಡಿ ತೆರವು ಕೇಳಬೇಕಾದರೆ ಕಾಯ್ದೆ ಹೇಳಿದ ಕಾರಣವೊಂದನ್ನು ಸಾಬೀತುಮಾಡಬೇಕು. ಮಗನಿಗೆ ಅಂಗಡಿ ಯಾಕೆ ಬೇಕು, ಅವನಿಗೆ ಬೇರೆ ಗತಿಯಿಲ್ಲವೇ ಎಂದು ಅವನನ್ನು ಕಟಕಟೆಯಲ್ಲಿ ನಿಲ್ಲಿಸಿ ಬೆವರಿಳಿಸಿದ್ದರು. ಬಾಡಿಗೆ ಕಾಯ್ದೆಯ ಹೊರಗಿರುವ ಮಳಿಗೆಗೆ ಸಾಮಾನ್ಯ ಕಾನೂನಾದ ಸ್ವತ್ತು ವರ್ಗಾವಣೆ ಕಾಯ್ದೆಯ 106ನೇ ಕಲಮಿನ ನೋಟಿಸ್ ಸಾಕಿತ್ತು. ತಿಂಗಳ ಬಾಡಿಗೆಯಾದರೆ 15 ದಿನಗಳ ನೋಟಿಸ್, ಆಮೇಲೆ ಸಿವಿಲ್ ಕೋರ್ಟಿನಲ್ಲಿ ದಾವೆ. ಮಗನ ಅಗತ್ಯವನ್ನು ಯಾರೂ ಕೇಳುತ್ತಲೇ ಇರಲಿಲ್ಲ. ಕೋರ್ಟ್ ಶುಲ್ಕವೂ ಕಟ್ಟಡದ ಬೆಲೆಯ ಮೇಲಲ್ಲ, ಹಿಂದಿನ ಒಂದು ವರ್ಷದ ಬಾಡಿಗೆಯ ಮೇಲೆ.

ಆದ್ದರಿಂದ ಬಾಡಿಗೆ ಕಾಯ್ದೆಯೊಳಗೆ ಹೇಗಾದರೂ ತೂರಿಕೊಳ್ಳಬೇಕು ಎಂಬ ನಿಮ್ಮ ಆಸೆಯೇ ನನಗೆ ಅರ್ಥವಾಗುತ್ತಿಲ್ಲ. ಆ ಕಾಯ್ದೆ ಬಾಡಿಗೆದಾರನಿಗೆ ಗುರಾಣಿ, ಮಾಲೀಕನಿಗಲ್ಲ. ಹೊರಗೆ ಉಳಿದರೆ ನಿಮಗೇ ಲಾಭ. ಊರಿಗೆ ಬಂದಾಗ ಒಬ್ಬ ಎಂಜಿನಿಯರ್ ಕೈಯಲ್ಲಿ ಹೊರಗಿನಿಂದ ಅಳೆಸಿ, ನಕ್ಷೆ ಬರೆಸಿ ಸಹಿ ಹಾಕಿಸಿಕೊಳ್ಳಿ. ಪಕ್ಕದ ಅಂಗಡಿಯೊಂದಿಗೆ ಗೋಡೆ ಹಂಚಿಕೊಂಡಿದ್ದರೆ ಅದನ್ನೂ ತೋರಿಸಲಿ.

ಕರಾರು ಪತ್ರದಲ್ಲಿ ಮಧ್ಯಸ್ಥಿಕೆಯ (ಆರ್ಬಿಟ್ರೇಷನ್, ಅಂದರೆ ಕೋರ್ಟಿನ ಬದಲು ಮಧ್ಯಸ್ಥರು ತೀರ್ಪು ಕೊಡುವುದು) ಷರತ್ತು ಇದೆಯೇ ಎಂದೂ ನೋಡಿ. ಸ್ವತ್ತು ವರ್ಗಾವಣೆ ಕಾಯ್ದೆಯಡಿಯ ಬಾಡಿಗೆ ವ್ಯಾಜ್ಯಗಳನ್ನು ಮಧ್ಯಸ್ಥಿಕೆಗೆ ಒಪ್ಪಿಸಬಹುದು, ಬಾಡಿಗೆ ಕಾಯ್ದೆಯಡಿಯವನ್ನು ಒಪ್ಪಿಸಲಾಗದು ಎಂದು ಸುಪ್ರೀಂ ಕೋರ್ಟ್ 2020ರಲ್ಲಿ ಹೇಳಿದೆ. ಇನ್ನು ನೋಟಿಸಿನ ಅವಧಿ ಮುಗಿದ ಮೇಲೆ ಬಾಡಿಗೆದಾರ ಬಾಡಿಗೆ ಕಳುಹಿಸಿದರೆ ವಕೀಲರನ್ನು ಕೇಳದೆ ಮುಟ್ಟಬೇಡಿ. ನೀವೇ ನೋಟಿಸನ್ನು ಕೈಬಿಟ್ಟಿದ್ದೀರಿ ಎಂದು ಅವನ ವಕೀಲರು ಅದರ ಮೇಲೇ ಹೊಸ ವಾದ ಕಟ್ಟುತ್ತಾರೆ.