ಒಂದು ಲೀಟರ್ ಕೆರೆ ನೀರು ಸೋಸಿ ಮೈಕ್ರೋಪ್ಲಾಸ್ಟಿಕ್ ಎಣಿಸಿದರೆ ಸಾಕಾ?

ಕೆರೆಯಿಂದ ಒಂದು ಲೀಟರ್ ನೀರು ತಂದು, ಸೋಸಿ, ಮೈಕ್ರೋಪ್ಲಾಸ್ಟಿಕ್ (5 ಮಿಲಿಮೀಟರ್‌ಗಿಂತ ಸಣ್ಣ ಪ್ಲಾಸ್ಟಿಕ್ ಚೂರು) ಎಷ್ಟಿದೆ ಅಂತ ಮೈಕ್ರೋಸ್ಕೋಪ್‌ನಲ್ಲಿ ಎಣಿಸಿದರೆ ಕಾಲೇಜು ಪ್ರಾಜೆಕ್ಟಿಗೆ ಸಾಕಾ ಅಂತ ಕೇಳಿದ್ದೀರಿ. ಎಣಿಸುವುದೇನೋ ಸುಲಭ. ಆದರೆ ಎಣಿಸಿದ್ದರಲ್ಲಿ ಕೆರೆಯದ್ದೆಷ್ಟು, ನಿಮ್ಮ ಅಂಗಿಯದ್ದೆಷ್ಟು ಅಂತ ಹೇಳೋದು ಕಷ್ಟ.

ನನಗೆ ಆಗಿದ್ದೇ ಹೇಳ್ತೀನಿ. ಎಂಎಸ್ಸಿ ಮಾಡುವಾಗ ನೇತ್ರಾವತಿ ಅಳಿವೆಯಲ್ಲಿ ದೋಣಿಯಿಂದ ಬಕೆಟ್ ಇಳಿಸಿ ನೀರು ತೆಗೆದಿದ್ದೆ. ಮೊದಲ ಫಿಲ್ಟರ್‌ನಲ್ಲೇ ಮೂವತ್ತಕ್ಕೂ ಜಾಸ್ತಿ ನೀಲಿ ಎಳೆಗಳು. ಖುಷಿಯೋ ಖುಷಿ! ಗೈಡ್ ಬಂದು ನೋಡಿ, "ಬ್ಲ್ಯಾಂಕ್ ಎಲ್ಲಿ?" ಅಂತ ಒಂದೇ ಮಾತು ಕೇಳಿದರು. ಬ್ಲ್ಯಾಂಕ್ ಅಂದರೆ, ಮೊದಲೇ ಸೋಸಿಟ್ಟ ಶುದ್ಧ ನೀರನ್ನು ಅದೇ ಬಕೆಟ್, ಅದೇ ಬಾಟಲಿ, ಅದೇ ಫಿಲ್ಟರ್ ಮೂಲಕ ಹಾಯಿಸಿ ನೋಡುವುದು. ಮಾಡಿದೆ. ಅದರಲ್ಲೂ ಅದೇ ನೀಲಿ ಎಳೆಗಳು. ಬಕೆಟ್ಟಿಗೆ ಕಟ್ಟಿದ್ದ ಹಳೇ ನೀಲಿ ಪ್ಲಾಸ್ಟಿಕ್ ಹಗ್ಗ ಎಳೆ ಎಳೆಯಾಗಿ ಬಿಡುತ್ತಿತ್ತು. ಆ ದಿನದ ಸ್ಯಾಂಪಲ್ ಅಷ್ಟೂ ಚೆಲ್ಲಿದೆ.

ಹಾಗಾಗಿ ಸ್ಟೀಲ್ ಬಕೆಟ್, ತೆಂಗಿನ ನಾರಿನ ಹಗ್ಗ, ಗಾಜಿನ ಬಾಟಲಿ ಇರಲಿ. ಮೈಮೇಲೆ ಹತ್ತಿ ಬಟ್ಟೆ ಇರಲಿ, ಎದ್ದು ಕಾಣುವ ಬಣ್ಣದ್ದಾದರೆ ಇನ್ನೂ ಒಳ್ಳೆಯದು, ಎಳೆ ಸಿಕ್ಕರೆ ನಿಮ್ಮದು ಅಂತ ತಕ್ಷಣ ಗೊತ್ತಾಗುತ್ತದೆ. ಸೋಸುವಾಗ ಫ್ಯಾನ್ ಆಫ್ ಮಾಡಿ. ಪಕ್ಕದಲ್ಲಿ ಒಂದು ಒದ್ದೆ ಫಿಲ್ಟರ್ ಪೇಪರ್ ತೆರೆದಿಡಿ, ಗಾಳಿಯಲ್ಲಿ ಏನೇನು ಬೀಳುತ್ತದೆ ಅಂತ ಅದೇ ತೋರಿಸುತ್ತದೆ. ಇನ್ನೊಂದು ವಿಷಯ, ಲ್ಯಾಬ್ ಗ್ಲೌಸ್‌ಗಳಿಂದ ಸ್ಟಿಯರೇಟ್ ಅನ್ನುವ ಸೋಪಿನಂಥ ವಸ್ತು ಉದುರುತ್ತದೆ, ಪ್ಲಾಸ್ಟಿಕ್ ಯಾವುದು ಅಂತ ಗುರುತಿಸುವ ಯಂತ್ರ ಅದನ್ನು ಪಾಲಿಥೀನ್ ಅಂತಲೇ ಓದಿಬಿಡಬಹುದು.

ಈಗ ನೀರಿನ ಲೆಕ್ಕ. ಒಂದು ಲೀಟರ್ ತುಂಬಾ ಕಡಿಮೆ. ಸಮುದ್ರ, ದೊಡ್ಡ ನದಿಗಳಲ್ಲಿ ಮಾಂಟಾ ಅನ್ನುವ ಬಲೆಯನ್ನು ದೋಣಿಯ ಪಕ್ಕ ಎಳೆಯುತ್ತಾರೆ, ಬಲೆಯ ಕಣ್ಣು ಸಾಮಾನ್ಯವಾಗಿ 333 ಮೈಕ್ರಾನ್ (ಒಂದು ಮೈಕ್ರಾನ್ ಅಂದರೆ ಮಿಲಿಮೀಟರಿನ ಸಾವಿರದ ಒಂದು ಭಾಗ). ಬಾಯಿ ಅರ್ಧ ಮೀಟರ್ ಅಗಲ, 20 ಸೆಂಟಿಮೀಟರ್ ಎತ್ತರ ಇದ್ದು, 500 ಮೀಟರ್ ಎಳೆದರೆ 50 ಘನ ಮೀಟರ್, ಅಂದರೆ 50,000 ಲೀಟರ್ ನೀರು ಸೋಸಿದ ಹಾಗೆ. ಬಾಯಿಗೆ ಫ್ಲೋಮೀಟರ್, ಅಂದರೆ ಒಳಗೆ ಹೋದ ನೀರನ್ನು ಅಳೆಯುವ ಮೀಟರ್, ಕಟ್ಟಲೇಬೇಕು. ಮಳೆಗಾಲದಲ್ಲಿ ಎಲೆ, ಕಸ ತುಂಬಿ ಬಲೆ ಕಟ್ಟಿಕೊಂಡರೆ ನೀರು ಒಳಗೆ ಹೋಗದೆ ಪಕ್ಕದಲ್ಲಿ ಜಾರುತ್ತದೆ, ದೂರ ನೋಡಿ ಹಾಕಿದ ಲೆಕ್ಕ ಸುಳ್ಳಾಗುತ್ತದೆ. ಬಲೆಗೆ ಇನ್ನೊಂದು ದೋಷವೂ ಇದೆ. ಬಟ್ಟೆಯ ಎಳೆ ಉದ್ದ ಇದ್ದರೂ ತೆಳು, ಕಣ್ಣಿನೊಳಗಿಂದ ನುಸುಳಿ ಹೋಗುತ್ತದೆ. ನಿಮ್ಮ ಹತ್ತಿರ ದೋಣಿ, ಬಲೆ ಇಲ್ಲ ಅಲ್ವಾ? ಹತ್ತು ಲೀಟರ್ ಬಕೆಟ್ಟಿನಲ್ಲಿ ಹತ್ತು ಸಲ ಮೊಗೆದು ಸಣ್ಣ ಕಣ್ಣಿನ ಸ್ಟೀಲ್ ಜರಡಿಗೆ ಸುರಿಯಿರಿ. ಜರಡಿಯ ಕಣ್ಣು ಎಷ್ಟು ಅಂತ ಬರೆದಿಟ್ಟುಕೊಳ್ಳಿ.

ಜರಡಿಯಲ್ಲಿ ಉಳಿದದ್ದರಲ್ಲಿ ಪಾಚಿಯೇ ಜಾಸ್ತಿ. ಅದನ್ನು ಕರಗಿಸೋಕೆ 30% ಹೈಡ್ರೋಜನ್ ಪೆರಾಕ್ಸೈಡ್, ಜೊತೆಗೆ ಸ್ವಲ್ಪ ಫೆರಸ್ ಸಲ್ಫೇಟ್ ದ್ರಾವಣ. ಅಮೆರಿಕದ ನೋವಾ ಸಂಸ್ಥೆಯ 2015ರ ಕೈಪಿಡಿಯಲ್ಲಿ 75 ಡಿಗ್ರಿವರೆಗೆ ಬಿಸಿ ಮಾಡಿ ಅಂತಿದೆ. ಇದು ಹಾಲು ಉಕ್ಕಿದ ಹಾಗೆ ಉಕ್ಕುತ್ತದೆ, ಸುಮ್ನೆ ಹೆದರಿಸುತ್ತಿಲ್ಲ. ದೊಡ್ಡ ಬೀಕರ್, ಫ್ಯೂಮ್ ಹುಡ್ (ಆವಿಯನ್ನು ಹೊರಗೆ ಎಳೆಯುವ ಲ್ಯಾಬ್ ಕಪಾಟು), ಕನ್ನಡಕ, ಪಕ್ಕದಲ್ಲಿ ಐಸ್ ಇಲ್ಲದೆ ಕೈ ಹಾಕಬೇಡಿ. ನೈಟ್ರಿಕ್ ಆಸಿಡ್ ಬೇಡ, ಪಾಚಿಯ ಜೊತೆ ನೈಲಾನ್ ಕೂಡ ಹೋಗುತ್ತದೆ.

ಆಮೇಲೆ ತೇಲಿಸುವುದು. ಉಪ್ಪು ಕರಗುವಷ್ಟು ಹಾಕಿದ ನೀರಿನ ಸಾಂದ್ರತೆ ಸುಮಾರು 1.2 (ಮಾಮೂಲಿ ನೀರಿನದು 1). ಪಾಲಿಥೀನ್, ಪಾಲಿಪ್ರೊಪಿಲೀನ್ ಮಾಮೂಲಿ ನೀರಿನಲ್ಲೇ ತೇಲುತ್ತವೆ, ಪಾಲಿಸ್ಟೈರೀನ್ ಉಪ್ಪುನೀರಿನಲ್ಲಿ ತೇಲುತ್ತದೆ. ನೀರಿನ ಬಾಟಲಿ ಮಾಡುವ ಪಿಇಟಿ ಪ್ಲಾಸ್ಟಿಕ್‌ನದು 1.38, ಅದು ಮರಳಿನ ಜೊತೆ ತಳಕ್ಕೆ ಹೋಗುತ್ತದೆ. ಪಾಲಿಯೆಸ್ಟರ್ ಅಂದರೂ ಪಿಇಟಿಯೇ. ಕೆರೆಯಲ್ಲಿ ಬಟ್ಟೆ ಒಗೆಯುತ್ತಾರೆ ಅಂತ ಎಳೆ ಹುಡುಕಲು ಹೋಗಿ, ಉಪ್ಪುನೀರಿನಲ್ಲಿ ತೇಲಿಸಿ, "ಎಳೆ ಇಲ್ಲ" ಅಂತ ಬರೆದರೆ ತಮಾಷೆ. ಜಿಂಕ್ ಕ್ಲೋರೈಡ್ ದ್ರಾವಣವನ್ನು 1.6ರ ಆಸುಪಾಸಿಗೆ ತಂದರೆ ಅದೂ ತೇಲುತ್ತದೆ. ದುಬಾರಿ, ವಿಷ ಬೇರೆ. ಸೋಸಿ ಮತ್ತೆ ಬಳಸಿ, ಸಿಂಕಿಗೆ ಸುರಿಯಬೇಡಿ.

ಕಣ್ಣಳತೆಯನ್ನು ಪೂರ್ತಿ ನಂಬಬೇಡಿ. ನೈಲ್ ರೆಡ್ ಬಣ್ಣ ಹಾಕಿದರೆ ಪ್ಲಾಸ್ಟಿಕ್ ಹೊಳೆಯುತ್ತದೆ ನಿಜ, ಜಿಡ್ಡು ಉಳಿದಿದ್ದರೆ ಅದೂ ಹೊಳೆಯುತ್ತದೆ. ಯಾವ ಪ್ಲಾಸ್ಟಿಕ್ ಅಂತ ಖಚಿತವಾಗಿ ಹೇಳೋಕೆ ಮೈಕ್ರೋ ಎಫ್‌ಟಿಐಆರ್ (ಇನ್‌ಫ್ರಾರೆಡ್ ಬೆಳಕಿನಿಂದ ವಸ್ತು ಗುರುತಿಸುವ ಯಂತ್ರ) ಬೇಕು, ಅದು ಸುಮಾರು 20 ಮೈಕ್ರಾನ್‌ನಷ್ಟು ಸಣ್ಣ ಚೂರಿನವರೆಗೆ ಸರಿಯಾಗಿ ನೋಡುತ್ತದೆ. ಲೇಸರ್ ಬಳಸುವ ರಾಮನ್ ಯಂತ್ರವಾದರೆ 1 ಮೈಕ್ರಾನ್‌ವರೆಗೆ. ಎಲ್ಲ ಚೂರುಗಳನ್ನೂ ಕಳಿಸೋಕಾಗಲ್ಲ, ಒಂದಿಷ್ಟು ಆರಿಸಿ ಕಳಿಸಿ.

ಅಳತೆಯ ಮಿತಿ ಯಾಕೆ ಮುಖ್ಯ ಅಂದರೆ, 2018ರಲ್ಲಿ ಬಾಟಲಿ ನೀರಿನ ಮೇಲೆ ನಡೆದ ಒಂದು ಅಧ್ಯಯನದಲ್ಲಿ 100 ಮೈಕ್ರಾನ್‌ಗಿಂತ ದೊಡ್ಡವು ಲೀಟರಿಗೆ ಸರಾಸರಿ 10.4 ಸಿಕ್ಕವು. ಅದೇ ಅಧ್ಯಯನದಲ್ಲಿ 6.5ರಿಂದ 100 ಮೈಕ್ರಾನ್‌ವರೆಗಿನವನ್ನೂ ಸೇರಿಸಿದಾಗ ಸರಾಸರಿ 325 ಆಯಿತು. 2024ರಲ್ಲಿ ಬೇರೆ ಬಾಟಲಿಗಳನ್ನು ಲೇಸರ್ ವಿಧಾನದಲ್ಲಿ ನೋಡಿದವರಿಗೆ ಲೀಟರಿಗೆ ಸುಮಾರು 2,40,000 ಚೂರು ಕಂಡವು, 90% ನ್ಯಾನೋ ಗಾತ್ರದವು, ಅಂದರೆ 1 ಮೈಕ್ರಾನ್‌ಗಿಂತ ಸಣ್ಣವು. ಆರು ವರ್ಷದಲ್ಲಿ ನೀರು ಅಷ್ಟು ಕೆಟ್ಟಿತು ಅಂತಲ್ಲ, ನೋಡಿದ ಗಾತ್ರವೇ ಬೇರೆ.

ನಿಮ್ಮ ವರದಿಯಲ್ಲೂ ಎಷ್ಟು ಲೀಟರ್, ಎಷ್ಟು ಮೈಕ್ರಾನ್‌ನಿಂದ ಮೇಲೆ, ಬ್ಲ್ಯಾಂಕ್‌ನಲ್ಲಿ ಎಷ್ಟು ಸಿಕ್ಕಿತು ಅಂತ ಮೂರನ್ನೂ ಬರೆಯಿರಿ. ಕೆರೆಗೆ ಹೋಗುವ ಮೊದಲು ಈ ವಾರವೇ ಮೂರು ಬ್ಲ್ಯಾಂಕ್ ಮಾಡಿ ನೋಡಿ. ಎಫ್‌ಟಿಐಆರ್‌ಗೆ ಈಗಲೇ ಹೆಸರು ಬರೆಸಿಡಿ, ಪ್ರಾಜೆಕ್ಟ್ ಒಪ್ಪಿಸುವ ತಿಂಗಳಲ್ಲಿ ಸಾಲು ಉದ್ದ ಇರುತ್ತದೆ.