ಸಕ್ಕರೆಯನ್ನು ದಾಟಿಸುವ ಪ್ರೋಟೀನ್ ತಾನೂ ದಾಟುತ್ತದೆಯೇ?

ಪ್ರಶ್ನೆ: ಜೀವಕೋಶದ ಪೊರೆಯಲ್ಲಿರುವ ಪ್ರೋಟೀನುಗಳು ಗ್ಲೂಕೋಸನ್ನು ಒಳಗೆ ಸಾಗಿಸುತ್ತವೆ ಎಂದು ಮಗಳ ಜೀವಶಾಸ್ತ್ರದ ಪುಸ್ತಕದಲ್ಲಿದೆ. ಹಾಗಾದರೆ ಪ್ರೋಟೀನ್ ಗ್ಲೂಕೋಸನ್ನು ಹಿಡಿದುಕೊಂಡು ಆ ಕಡೆಯಿಂದ ಈ ಕಡೆಗೆ ಬರುತ್ತದೆಯೇ? ಸುಮ್ನೆ ಒಂದು ತೂತು ಇದ್ದರೆ ಸಾಕಾಗುತ್ತಿರಲಿಲ್ವಾ?

ಇಲ್ಲ, ಪ್ರೋಟೀನ್ ಎಲ್ಲಿಗೂ ಹೋಗುವುದಿಲ್ಲ. ಪೊರೆಯಲ್ಲಿ ನಾಟಿಕೊಂಡು ಇದ್ದಲ್ಲೇ ಇರುತ್ತದೆ. ಬದಲಾಗುವುದು ಅದರ ಆಕಾರ ಮಾತ್ರ. ಬಾಣದ ಗುರುತು ಹಾಕಿದ ಚಿತ್ರ ನೋಡಿದರೆ ನಿಮಗೆ ಬಂದ ಅನುಮಾನ ಯಾರಿಗಾದರೂ ಬರುವಂಥದ್ದೇ.

ಮೊದಲು ಪೊರೆಯ ವಿಷಯ. ಅದರ ದಪ್ಪ ಸುಮಾರು 5 ನ್ಯಾನೋಮೀಟರ್, ಅಷ್ಟೆ. ಕೊಬ್ಬಿನ ಅಣುಗಳು ಎರಡು ಪದರವಾಗಿ ನಿಂತಿರುತ್ತವೆ. ಅವುಗಳ ನೀರನ್ನು ಇಷ್ಟಪಡುವ ತಲೆ ಹೊರಕ್ಕೆ, ಎಣ್ಣೆಯಂಥ ಬಾಲ ಒಳಕ್ಕೆ. ಆಮ್ಲಜನಕ, ಇಂಗಾಲದ ಡೈಆಕ್ಸೈಡ್ ಈ ಎಣ್ಣೆಯ ನಡುವೆ ಸಲೀಸಾಗಿ ನುಸುಳುತ್ತವೆ. ಗ್ಲೂಕೋಸ್ ಹಾಗಲ್ಲ. ಅದರ ಸುತ್ತ ನೀರಿನ ಅಣುಗಳು ಅಂಟಿಕೊಂಡಿರುತ್ತವೆ. ಅವನ್ನೆಲ್ಲ ಬಿಟ್ಟು ಎಣ್ಣೆಯೊಳಗೆ ಹೋಗಲು ತುಂಬಾ ಶಕ್ತಿ ಬೇಕು. ಸೋಡಿಯಂ, ಪೊಟ್ಯಾಸಿಯಂನಂಥ ಅಯಾನುಗಳಿಗಂತೂ (ವಿದ್ಯುತ್ ಆವೇಶವಿರುವ ಕಣಗಳಿಗೆ) ಆ ದಾರಿ ಮುಚ್ಚಿದಂತೆಯೇ.

ಹಾಗಂತ ದೊಡ್ಡ ತೂತು ಕೊರೆದರೆ? ಗ್ಲೂಕೋಸ್ ಒಳಗೆ ಬರುತ್ತದೆ ನಿಜ. ಆದರೆ ಪೊಟ್ಯಾಸಿಯಂ, ಕೋಶಕ್ಕೆ ಶಕ್ತಿ ಕೊಡುವ ಎಟಿಪಿ ಅಣು ಎಲ್ಲವೂ ಹೊರಗೆ ಸೋರಿಹೋಗುತ್ತವೆ, ಕೋಶ ಸಾಯುತ್ತದೆ. ಕೆಲವು ಬ್ಯಾಕ್ಟೀರಿಯಾಗಳು ನಮ್ಮ ಕೋಶಗಳನ್ನು ಕೊಲ್ಲುವುದು ಹೀಗೆಯೇ. ಸ್ಟೆಫೈಲೋಕಾಕಸ್‌ನ ಆಲ್ಫಾ ವಿಷ ಪೊರೆಗೆ ತೂತು ಕೊರೆಯುವ ಪ್ರೋಟೀನು.

ಈಗ ಸಾಗಣೆಯ ಪ್ರೋಟೀನಿಗೆ ಬರೋಣ. ಕೆಂಪು ರಕ್ತಕಣದಲ್ಲಿ ಗ್ಲೂಕೋಸ್ ಸಾಗಿಸುವ ಪ್ರೋಟೀನಿನ ಹೆಸರು ಗ್ಲಟ್-1. ಅದರ ಸರಪಳಿ ಪೊರೆಯನ್ನು 12 ಸಲ ಹೊಲಿದಂತೆ ಹಾದುಹೋಗಿ, ನಡುವೆ ಒಂದು ಗೂಡು ಮಾಡಿಕೊಂಡಿದೆ. ಎರಡು ಬಾಗಿಲಿನ ಪುಟ್ಟ ಕೋಣೆ ಎಂದುಕೊಳ್ಳಿ, ಆದರೆ ಎರಡೂ ಬಾಗಿಲು ಒಟ್ಟಿಗೆ ತೆರೆಯುವುದೇ ಇಲ್ಲ. ಹೊರಬಾಗಿಲು ತೆರೆದಾಗ ಗ್ಲೂಕೋಸ್ ಬಂದು ಕೂರುತ್ತದೆ. ಪ್ರೋಟೀನ್ ಬಾಗುತ್ತದೆ, ಹೊರಗಿನದು ಮುಚ್ಚುತ್ತದೆ, ಒಳಗಿನದು ತೆರೆಯುತ್ತದೆ. 1957ರಲ್ಲಿ ಪೀಟರ್ ಮಿಚೆಲ್, 1966ರಲ್ಲಿ ಒಲೆಗ್ ಜಾರ್ಡೆಟ್ಸ್ಕಿ ಈ ಬಗೆಯ ಮಾದರಿಯನ್ನು ಮುಂದಿಟ್ಟರು. ಆಗ ಇಂಥ ಪ್ರೋಟೀನಿನ ಆಕಾರವನ್ನು ಯಾರೂ ಕಂಡಿರಲಿಲ್ಲ. ಮನುಷ್ಯರ ಗ್ಲಟ್-1ರ ರಚನೆ ಸಿಕ್ಕಿದ್ದು 2014ರಲ್ಲಿ. ಕಣ್ಣಿಗೆ ಕಾಣುವ ಮೊದಲೇ ಇಷ್ಟು ಸರಿಯಾಗಿ ಊಹಿಸಿದ್ದರಲ್ಲ, ಅದು ನನಗೆ ಈಗಲೂ ಬೆರಗು.

ಗ್ಲಟ್-1 ಯಾವ ಶಕ್ತಿಯನ್ನೂ ಖರ್ಚು ಮಾಡುವುದಿಲ್ಲ. ಗ್ಲೂಕೋಸ್ ಜಾಸ್ತಿ ಇರುವ ಕಡೆಯಿಂದ ಕಡಿಮೆ ಇರುವ ಕಡೆಗೆ ಹೋಗುತ್ತದೆ, ಅಷ್ಟೆ. ಪ್ರೋಟೀನಿಗೆ ಒಳಗೂ ಒಂದೇ, ಹೊರಗೂ ಒಂದೇ. ಮತ್ತೆ ಗ್ಲೂಕೋಸ್ ವಾಪಸ್ ಹೋಗುವುದಿಲ್ಲ ಏಕೆ? ಒಳಗೆ ಬಂದ ಕೂಡಲೇ ಕೋಶ ಅದಕ್ಕೆ ಫಾಸ್ಫೇಟ್ ಅಂಟಿಸಿಬಿಡುತ್ತದೆ. ಆ ರೂಪದಲ್ಲಿ ಅದು ಗೂಡಿಗೆ ಒಗ್ಗುವುದಿಲ್ಲ.

ಪ್ರಶ್ನೆ: ಪೊಟ್ಯಾಸಿಯಂ ಚಾನೆಲ್, ಅಂದರೆ ಪೊಟ್ಯಾಸಿಯಂ ಹಾದುಹೋಗುವ ಪ್ರೋಟೀನಿನ ಕೊಳವೆ, ಪೊಟ್ಯಾಸಿಯಂಗಿಂತ ಚಿಕ್ಕದಾದ ಸೋಡಿಯಂ ಅನ್ನು ಬಿಡುವುದಿಲ್ಲ ಎಂದು ಓದಿದೆ. ದೊಡ್ಡದು ಹೋಗುವ ಜಾಗದಲ್ಲಿ ಚಿಕ್ಕದು ಹೋಗಬಾರದೇ?

ಜರಡಿಯ ಲೆಕ್ಕದಲ್ಲಿ ನೋಡಿದರೆ ನಿಮ್ಮ ಮಾತು ಸರಿ. ಆದರೆ ಚಾನೆಲ್ಲಿನ ಇಕ್ಕಟ್ಟಾದ ಭಾಗಕ್ಕೆ ಬರಬೇಕಾದರೆ ಅಯಾನು ತನ್ನ ಸುತ್ತಲಿನ ನೀರನ್ನು ಬಿಡಬೇಕು. ಅಲ್ಲಿ ಸಾಲಾಗಿರುವ ಆಮ್ಲಜನಕದ ಪರಮಾಣುಗಳು ಪೊಟ್ಯಾಸಿಯಂಗೆ ಸರಿಯಾದ ಅಂತರದಲ್ಲಿವೆ. ಹಾಗಾಗಿ ನೀರು ಬಿಟ್ಟರೂ ಅದಕ್ಕೆ ನಷ್ಟವಿಲ್ಲ. ಸೋಡಿಯಂ ಚಿಕ್ಕದು, ಆ ಪರಮಾಣುಗಳು ಅದಕ್ಕೆ ಎಟುಕುವುದಿಲ್ಲ. ಅದಕ್ಕೆ ನೀರಿನ ಜತೆಯೇ ಹಿತ. ರಾಡ್ರಿಕ್ ಮ್ಯಾಕಿನನ್ ತಂಡ 1998ರಲ್ಲಿ ಬ್ಯಾಕ್ಟೀರಿಯಾದ ಒಂದು ಚಾನೆಲ್ಲಿನ ರಚನೆ ಬಿಡಿಸಿ ಇದನ್ನು ತೋರಿಸಿತು. ನೀರಿನ ಚಾನೆಲ್ ಕಂಡುಹಿಡಿದ ಪೀಟರ್ ಆಗ್ರೆ ಜತೆ ಮ್ಯಾಕಿನನ್‌ಗೆ 2003ರ ನೊಬೆಲ್ ಬಂತು.

ಪ್ರಶ್ನೆ: ಭೇದಿಯಾದಾಗ ದೇಹ ಕಳೆದುಕೊಳ್ಳುವುದು ಉಪ್ಪು ಮತ್ತು ನೀರು. ಮತ್ತೆ ಓಆರ್‌ಎಸ್‌ನಲ್ಲಿ ಗ್ಲೂಕೋಸ್ ಏಕೆ? ಶಕ್ತಿಗಾಗಿಯೇ?

ಶಕ್ತಿಗಾಗಿ ಅಲ್ಲ. ಸಣ್ಣ ಕರುಳಿನ ಕೋಶಗಳಲ್ಲಿ ಎಸ್‌ಜಿಎಲ್‌ಟಿ-1 ಎಂಬ ಪ್ರೋಟೀನ್ ಇದೆ. ಅದು ಒಂದು ಗ್ಲೂಕೋಸ್ ಜತೆಗೆ ಎರಡು ಸೋಡಿಯಂ ಸೇರಿಸಿಯೇ ಒಳಗೆ ತರುತ್ತದೆ. ಒಂದಿಲ್ಲದೆ ಇನ್ನೊಂದಕ್ಕೆ ಪ್ರವೇಶವಿಲ್ಲ. ಉಪ್ಪಿನಂಶ ಒಳಗೆ ಬಂದರೆ ನೀರು ಅದರ ಹಿಂದೆಯೇ ಬರುತ್ತದೆ. ಈ ಜೋಡಿ ಸಾಗಣೆಯ ವಿಚಾರವನ್ನು ರಾಬರ್ಟ್ ಕ್ರೇನ್ 1960ರಲ್ಲಿ ಮುಂದಿಟ್ಟರು. ಕಾಲರಾದಲ್ಲಿ ವಿಷದಿಂದಾಗಿ ಕ್ಲೋರೈಡ್ ಚಾನೆಲ್ ತೆರೆದುಕೊಂಡು ನೀರು ಕರುಳಿಗೆ ಸುರಿಯುತ್ತಿರುತ್ತದೆ. ಆಗಲೂ ಎಸ್‌ಜಿಎಲ್‌ಟಿ-1 ಕೆಲಸ ನಿಲ್ಲಿಸುವುದಿಲ್ಲ. ಓಆರ್‌ಎಸ್ ನಿಂತಿರುವುದು ಇದರ ಮೇಲೆಯೇ.

ಸೋಡಿಯಂಗೆ ಒಳನುಗ್ಗುವ ಆತುರ ಬಂದದ್ದು ಎಲ್ಲಿಂದ? ಅದೇ ಕೋಶದ ಇನ್ನೊಂದು ಬದಿಯಲ್ಲಿರುವ ಪಂಪ್‌ನಿಂದ. ಅದು ಪ್ರತಿ ಸಲ 3 ಸೋಡಿಯಂ ಹೊರಗೆ ಹಾಕಿ 2 ಪೊಟ್ಯಾಸಿಯಂ ಒಳಗೆ ತರುತ್ತದೆ, ಅದಕ್ಕೆ ಒಂದು ಎಟಿಪಿ ಸುಡುತ್ತದೆ. ಎಟಿಪಿ ಖರ್ಚಾಗುವುದು ಇಲ್ಲಿಯೇ. ಎಸ್‌ಜಿಎಲ್‌ಟಿ-1 ಅದರ ಲಾಭವನ್ನಷ್ಟೇ ಪಡೆಯುತ್ತದೆ. ಡೆನ್ಮಾರ್ಕಿನ ಯೆನ್ಸ್ ಸ್ಕೌ ಈ ಪಂಪನ್ನು 1957ರಲ್ಲಿ ಏಡಿಯ ಕಾಲಿನ ನರದಲ್ಲಿ ಗುರುತಿಸಿದರು. ನೊಬೆಲ್ ಸಿಕ್ಕಿದ್ದು 40 ವರ್ಷ ಆದ ಮೇಲೆ, 1997ರಲ್ಲಿ.

ವಿಶ್ವ ಆರೋಗ್ಯ ಸಂಸ್ಥೆಯ 2002ರ ಸೂತ್ರದಲ್ಲಿ ಸೋಡಿಯಂ, ಗ್ಲೂಕೋಸ್ ಎರಡೂ ಲೀಟರಿಗೆ 75 ಮಿಲಿಮೋಲ್ (ಮೋಲ್ ಎಂದರೆ ಕಣಗಳ ಎಣಿಕೆಯ ಅಳತೆ). ರುಚಿಗೆಂದು ಇನ್ನಷ್ಟು ಸಕ್ಕರೆ ಸುರಿಯಬೇಡಿ. ಒಳಗೆ ಹೋಗಲಾಗದೆ ಕರುಳಿನಲ್ಲೇ ಉಳಿದ ಸಕ್ಕರೆ ದೇಹದ ನೀರನ್ನು ತನ್ನತ್ತ ಎಳೆಯುತ್ತದೆ, ಭೇದಿ ಇನ್ನೂ ಜಾಸ್ತಿಯಾಗುತ್ತದೆ. ಪೊಟ್ಟಣದ ಮೇಲೆ ಎಷ್ಟು ನೀರು ಎಂದು ಬರೆದಿದೆಯೋ ಅಷ್ಟರಲ್ಲೇ ಕಲಸಿ.