ಪಾಠ ಮಾಡಿದ್ದು ಸುಳ್ಳಲ್ಲವಲ್ಲ

ಪ್ರಿಯ ಓದುಗರೇ,

ನಿಮ್ಮ ಪತ್ರವನ್ನು ಎರಡು ಸಲ ಓದಿದೆ. ಮೊದಲ ಎರಡು ಪುಟದ ತುಂಬ ಪಶ್ಚಿಮ ಬಂಗಾಳದ ಮೇಷ್ಟ್ರುಗಳ ಮೇಲೆ ಸಿಟ್ಟು. "ನೇಮಕವೇ ಅಸಿಂಧು ಅಂದ ಮೇಲೆ ತಿಂದ ಸಂಬಳವನ್ನೆಲ್ಲ ಕಕ್ಕಿಸಬೇಕು. ಕೆಲವರಿಂದ ಮಾತ್ರ ವಸೂಲಿ ಅಂದರೆ ಯಾವ ನ್ಯಾಯ?" ಅಂತ ಕೇಳಿದ್ದೀರಿ. ಕೊನೆಯಲ್ಲಿ, ಬೇರೆ ಶಾಯಿಯಲ್ಲಿ, ನಾಲ್ಕು ಸಾಲು. ನೀವು ಗುಮಾಸ್ತರಾಗಿ ನಿವೃತ್ತರಾಗಿ ಏಳು ತಿಂಗಳಾಗಿದೆ. ಹನ್ನೆರಡು ವರ್ಷದಿಂದ ಒಂದು ಇನ್‌ಕ್ರಿಮೆಂಟ್ ತಪ್ಪಾಗಿ ಜಾಸ್ತಿ ಹೋಗಿದೆ ಅಂತ ನೋಟಿಸ್ ಬಂದಿದೆ. ಗ್ರಾಚ್ಯುಟಿಯಲ್ಲಿ ಹಿಡಿದುಕೊಳ್ಳುತ್ತಾರಂತೆ. ಏನು ಮಾಡಲಿ?

ಆ ನಾಲ್ಕು ಸಾಲಿಗಾಗಿಯೇ ಎರಡು ಪುಟ ಬರೆದಿರಿ ಅಂತ ನನ್ನ ಗುಮಾನಿ. ಇರಲಿ, ಮೊದಲು ಬಂಗಾಳ.

ಅಲ್ಲಿನ ಶಾಲೆಗಳಿಗೆ ನಡೆದ 2016ರ ಆಯ್ಕೆ ಅದು. ಅರ್ಜಿ ಹಾಕಿದವರು ಇಪ್ಪತ್ತು ಲಕ್ಷಕ್ಕೂ ಜಾಸ್ತಿ. 2025ರ ಏಪ್ರಿಲ್ 3ರಂದು ಸುಪ್ರೀಂ ಕೋರ್ಟು ಶಿಕ್ಷಕರು, ಸಿಬ್ಬಂದಿ ಸೇರಿ 25,753 ನೇಮಕಗಳನ್ನು ರದ್ದು ಮಾಡಿತು. ಖಾಲಿ ಒಎಂಆರ್ ಹಾಳೆ (ಗುಂಡಿ ತುಂಬುವ ಉತ್ತರ ಪತ್ರಿಕೆ) ಕೊಟ್ಟವರಿಗೂ ಕೆಲಸ ಸಿಕ್ಕಿತ್ತು. ಹಿಂದಿನ ರ‍್ಯಾಂಕಿನವರು ಮುಂದಿನವರನ್ನು ಹಾರಿ ಬಂದಿದ್ದರು. ಪಟ್ಟಿಯಲ್ಲೇ ಇಲ್ಲದವರೂ ಇದ್ದರು. ಮೂಲ ಹಾಳೆಗಳನ್ನು ನಾಶ ಮಾಡಿದ್ದರಿಂದ ಕಾಳು ಯಾವುದು, ಜೊಳ್ಳು ಯಾವುದು ಅಂತ ಪೂರ್ತಿ ಬೇರ್ಪಡಿಸಲು ಆಗಲಿಲ್ಲ. ಹಾಗಾಗಿ ಎಲ್ಲರ ಕೆಲಸವೂ ಹೋಯಿತು.

ಆದರೆ ಸಂಬಳದ ಲೆಕ್ಕ ಬಂದಾಗ ಕೋರ್ಟು ಗೆರೆ ಎಳೆಯಿತು. ಮೋಸದಿಂದ ಬಂದರು ಅಂತ ಖಚಿತವಾಗಿ ಗುರುತಾದವರು ವಾಪಸ್ ಕೊಡಬೇಕು. 2024ರಲ್ಲಿ ಕಲ್ಕತ್ತಾ ಹೈಕೋರ್ಟು ಶೇ 12ರ ಬಡ್ಡಿಯನ್ನೂ ಸೇರಿಸಿ ಹೇಳಿತ್ತು. ಮೋಸ ಗುರುತಾಗದವರಿಗೆ ಕೆಲಸ ಹೋದರೂ ಪಡೆದ ಸಂಬಳ ಉಳಿಯಿತು.

ನಿಮಗೆ ಇದು ಸರಿ ಕಂಡಿಲ್ಲ. ನನಗೆ ಕಂಡಿದೆ. ಮೋಸ ಗುರುತಾಗದ ಒಬ್ಬ ಶಿಕ್ಷಕಿಯನ್ನು ನೆನೆಸಿಕೊಳ್ಳಿ. ಕೆಲಸಕ್ಕೆ ಸೇರಿದ ಮೇಲೆ ಆ ಹೆಣ್ಣುಮಗಳು ದಿನಾ ಬೆಳಿಗ್ಗೆ ಬಸ್ಸು ಹತ್ತಿ ಹೋಗಿ ಒಂಬತ್ತನೇ ತರಗತಿಗೆ ಬೀಜಗಣಿತ ಹೇಳಿದ್ದಾಳೆ. ಪರೀಕ್ಷೆ ಪೇಪರು ತಿದ್ದಿದ್ದಾಳೆ. ಆದೇಶ ಅಸಿಂಧು ಆಗಬಹುದು, ಮಕ್ಕಳು ಕಲಿತ ಲೆಕ್ಕ ಅಸಿಂಧು ಆಗುತ್ತಾ? ಸರ್ಕಾರ ಆಕೆಯ ದುಡಿಮೆಯನ್ನು ಉಂಡು, ಸಂಬಳವನ್ನೂ ವಾಪಸ್ ಕೇಳಿದರೆ ಅದು ಬಿಟ್ಟಿ ಚಾಕರಿ ಆಗುತ್ತದೆ. 1872ರ ಕರಾರು ಕಾಯ್ದೆಯಲ್ಲೇ ಈ ಜಗಳ ಇದೆ. ತಪ್ಪಿ ಬಂದ ಹಣ ಹಿಂತಿರುಗಿಸು ಅನ್ನುತ್ತದೆ 72ನೇ ಕಲಂ. ಬಿಟ್ಟಿಯಲ್ಲದ ದುಡಿಮೆಯ ಲಾಭ ಉಂಡವನು ಅದಕ್ಕೆ ಕೊಡಬೇಕು ಅನ್ನುತ್ತದೆ 70ನೇ ಕಲಂ. ನಡುವೆ ಒಂದೇ ಒಂದು ಕಲಂ.

ಖಾಲಿ ಹಾಳೆಯವನೂ ಪಾಠ ಮಾಡಿದ್ದಾನಲ್ಲ ಅಂತ ನೀವು ಕೇಳಬಹುದು. ನಿಜ, ಮಾಡಿದ್ದಾನೆ. ಆದರೆ ಅವನು ಕೂತ ಕುರ್ಚಿ ಇನ್ನೊಬ್ಬನದು. ಅದು ಅವನಿಗೂ ಗೊತ್ತಿತ್ತು.

ನಮ್ಮಲ್ಲೂ ಇದರ ಒಂದು ಎಳೆ ಇದೆ. ಕರ್ನಾಟಕ ಸರ್ಕಾರ ಮತ್ತು ಉಮಾದೇವಿ ಪ್ರಕರಣ, 2006. ದಿನಗೂಲಿಯವರ ಕಾಯಮಾತಿಗೆ ಬಾಗಿಲು ಹಾಕಿದ್ದಕ್ಕೇ ಅದು ಹೆಸರುವಾಸಿ. ಆದರೆ ನೇಮಕದಲ್ಲಿ ಬರೀ ಕ್ರಮ ತಪ್ಪಿದ್ದು ಬೇರೆ, ಕಾನೂನಿಗೇ ವಿರುದ್ಧವಾದದ್ದು ಬೇರೆ ಅಂತ ಬಿಡಿಸಿ ಹೇಳಿದ್ದೂ ಅದೇ ತೀರ್ಪು. ವಾಣಿಜ್ಯ ತೆರಿಗೆ ಇಲಾಖೆಯ ದಿನಗೂಲಿಯವರಿಗೆ ಆಯಾ ದರ್ಜೆಯ ಕನಿಷ್ಠ ಸಂಬಳದಷ್ಟು ಕೊಡಿ ಅಂತಲೂ ಅದು ಹೇಳಿತು. ಹುದ್ದೆ ಇಲ್ಲ, ಕೂಲಿ ಉಂಟು.

ಈಗ ನಿಮ್ಮ ನಾಲ್ಕು ಸಾಲು. ನಿಮ್ಮ ನೇಮಕ ಸರಿಯಾಗೇ ಇದೆ, ಲೆಕ್ಕ ತಪ್ಪಿದೆ ಅಷ್ಟೇ. ಪಂಜಾಬ್ ಸರ್ಕಾರ ಮತ್ತು ರಫೀಕ್ ಮಸೀಹ್ ಪ್ರಕರಣದಲ್ಲಿ, 2014ರ ಡಿಸೆಂಬರ್‌ನಲ್ಲಿ, ನೌಕರನ ಮೋಸವಿಲ್ಲದೆ ಜಾಸ್ತಿ ಹೋದ ಹಣವನ್ನು ಯಾವಾಗ ವಸೂಲಿ ಮಾಡಬಾರದು ಅಂತ ಸುಪ್ರೀಂ ಕೋರ್ಟು ಐದು ಸಂದರ್ಭ ಹೇಳಿತು. ನಿಮ್ಮ ವಿಷಯದಲ್ಲಿ ಮೂರು ಕೂಡಿಬರುತ್ತವೆ. ನೀವು ಸಿ ದರ್ಜೆಯವರು. ನಿವೃತ್ತರು. ಐದು ವರ್ಷಕ್ಕೂ ಜಾಸ್ತಿ ಕಾಲ ಹಣ ಬಂದಿದೆ. ಕೇರಳದ ಒಬ್ಬ ಮೇಷ್ಟ್ರು 1999ರಲ್ಲಿ ನಿವೃತ್ತರಾಗಿ, ಇದೇ ಥರದ ಇನ್‌ಕ್ರಿಮೆಂಟ್ ಜಗಳ ಹೂಡಿ, 2022ರಲ್ಲಿ ಸುಪ್ರೀಂ ಕೋರ್ಟಿನಲ್ಲಿ ಗೆದ್ದರು. ತೀರ್ಪು ಕೊಟ್ಟ ಪೀಠದಲ್ಲಿ ನಮ್ಮ ಮೂಡುಬಿದಿರೆ ಕಡೆಯ ನ್ಯಾಯಮೂರ್ತಿ ಅಬ್ದುಲ್ ನಜೀರ್ ಇದ್ದರು. ಗೆದ್ದರು ಸರಿ, ಆದರೆ ಇಪ್ಪತ್ತಮೂರು ವರ್ಷ! ಆ ಲೆಕ್ಕದಲ್ಲಿ ತಪ್ಪು ಮಾಡಿದ ಅಧಿಕಾರಿಗಳಿಗೆ ಮಾತ್ರ ಇಂಥ ನೋಟಿಸ್ ಹೋಗುವುದು ಅಪರೂಪ. ನನ್ನ ಸಿಟ್ಟಿರುವುದು ಅವರ ಮೇಲೆ.

ಒಂದು ಎಚ್ಚರಿಕೆ. ಹೊಸ ವೇತನ ಶ್ರೇಣಿ ಒಪ್ಪಿಕೊಳ್ಳುವಾಗ "ಹೆಚ್ಚುವರಿ ಪಾವತಿ ಆಗಿದ್ದರೆ ಹಿಂತಿರುಗಿಸುತ್ತೇನೆ" ಅಂತ ಮುಚ್ಚಳಿಕೆ ಬರೆದುಕೊಟ್ಟಿದ್ದೀರಾ? ಹತ್ತು ಕಾಗದದ ನಡುವೆ ಅದಕ್ಕೂ ಒಂದು ಸಹಿ ಎಳೆದಿರುತ್ತೇವೆ, ಅಲ್ವಾ? ಹಾಗೆ ಬರೆದುಕೊಟ್ಟವರು ಹಣ ಕಟ್ಟಬೇಕು ಅಂತ 2016ರಲ್ಲಿ, ಜಗದೇವ್ ಸಿಂಗ್ ಪ್ರಕರಣದಲ್ಲಿ, ಅದೇ ಕೋರ್ಟು ಹೇಳಿದೆ. ಅಲ್ಲೂ ಕಂತುಗಳಲ್ಲಿ ವಸೂಲಿ ಮಾಡಿ ಅಂದಿತು. ಇನ್ನೊಂದು, ಹಳೆಯ ಹಣ ಬಿಟ್ಟರೂ ತಪ್ಪನ್ನು ಸರಿಪಡಿಸಿ ಮುಂದಿನ ಪಿಂಚಣಿ ನಿಗದಿ ಮಾಡಬಹುದು. ಅದನ್ನು ತಡೆಯುವುದು ಕಷ್ಟ.

ಹಾಗಾಗಿ ಮೊದಲು ಸೇವಾ ಪುಸ್ತಕದ ನಕಲು ತರಿಸಿ. ಕೊಡದಿದ್ದರೆ ಮಾಹಿತಿ ಹಕ್ಕಿನಲ್ಲಿ ಅರ್ಜಿ ಹಾಕಿ. ಮುಚ್ಚಳಿಕೆ ಇಲ್ಲದಿದ್ದರೆ ಮಸೀಹ್ ತೀರ್ಪನ್ನು ಹೆಸರಿಸಿ, ನೋಟಿಸಿನ ಗಡುವಿನೊಳಗೆ ಸ್ಪೀಡ್ ಪೋಸ್ಟಿನಲ್ಲಿ ಉತ್ತರ ಕಳಿಸಿ, ಸ್ವೀಕೃತಿ ಇಟ್ಟುಕೊಳ್ಳಿ. ಮುಚ್ಚಳಿಕೆ ಇದ್ದರೆ ವಕೀಲರ ಹತ್ತಿರ ಹೋಗುವಾಗ ಅದನ್ನೇ ಮೊದಲು ತೋರಿಸಿ.

ಸಂಪಾದಕ